ಮೂರು ವೋಚರ್, ಒಬ್ಬನೇ ಆಸಾಮಿ

ಹೋದ ಫೆಬ್ರವರಿಯಲ್ಲಿ ಗೋರೆಗಾಂವ್‌ನಲ್ಲಿ ಒಂದು ಪುಟ್ಟ ಹಿಂದಿ ಸಿನಿಮಾ ಮುಗಿಸಿದೆವು. 22 ದಿನದ ಶೂಟಿಂಗ್. ಸೆಟ್ ನನ್ನದು, ಪ್ರೊಡಕ್ಷನ್ ನನ್ನದು, ಎರಡು ದಿನದ ಒಂದು ಪಾತ್ರವೂ ನನ್ನದೇ. ಮೂರಕ್ಕೂ ಬೇರೆ ಬೇರೆ ವೋಚರ್‌ಗೆ, ಅಂದರೆ ದುಡ್ಡಿನ ಚೀಟಿಗೆ, ಸಹಿ ಹಾಕಿದೆ. ಮೂರರ ದುಡ್ಡೂ ಬಂತು. ಕೊನೆಯ ಕಂತು ಖಾತೆಗೆ ಬಿದ್ದಾಗ ಮೇ ತಿಂಗಳು. ಅದು ಬಿದ್ದ ಮೇಲೇ ಇದನ್ನು ಬರೆಯಲು ಕೂತಿದ್ದೇನೆ. ಮೊದಲೇ ಬರೆದಿದ್ದರೆ ದೃಷ್ಟಿ ತಾಗುತ್ತಿತ್ತು.

"ಯಾವುದಾದರೂ ಒಂದು ಕೆಲಸ ಗಟ್ಟಿ ಹಿಡಿ" ಅಂತ ಹೇಳದವರು ನನ್ನ ಸುತ್ತ ಯಾರೂ ಇಲ್ಲ. ಕಲಾ ನಿರ್ದೇಶನ ಕಲಿಸಿದ ಗುರುಗಳು ಹೇಳಿದರು. ನಟನೆಗೆ ಕರೆಯುವ ಕೋಆರ್ಡಿನೇಟರ್‌ಗಳು ಹೇಳಿದರು. "ಮೂರು ಕೆಲಸ ಮಾಡಿ ಒಂದು ಸಂಬಳವೂ ಸರಿಯಾಗಿ ಮನೆಗೆ ಬರಲ್ಲವಲ್ರೀ" ಅಂತ ನನ್ನ ಹೆಂಡತಿಯೂ ಹೇಳಿದಳು. ಅವಳ ಮಾತು ಮಾತ್ರ ಲೆಕ್ಕದಲ್ಲಿ ಸರಿ ಇತ್ತು.

ಈ ಲೈನಿನವರಲ್ಲದವರಿಗೆ ಒಂದು ಮಾತು: ಪೆಟ್ಟಿ ಕ್ಯಾಶ್ ಅಂದರೆ ಸಣ್ಣಪುಟ್ಟ ಖರ್ಚಿನ ದುಡ್ಡು, ಫ್ಲ್ಯಾಟ್ ಅಂದರೆ ಸೆಟ್ಟಿನ ಗೋಡೆಯ ಹಲಗೆ, ಪ್ರಾಪ್ಸ್ ಅಂದರೆ ಸೀನಿಗೆ ಬೇಕಾದ ಸಾಮಾನು. ಉಳಿದದ್ದು ಗೊತ್ತಾಗದಿದ್ದರೆ ಸೆಟ್ ಕಟ್ಟುವ ಯಾರಾದರೂ ಸೆಟ್ಟಿಂಗ್ ದಾದಾನಿಗೆ ಒಂದು ಕಟಿಂಗ್ ಚಾ ಕೊಡಿಸಿ ಕೇಳಿ.

ನಾನು ಕುಂದಾಪುರದ ಕಡೆಯವನು. 1989ರಲ್ಲಿ, ಹದಿನೈದನೇ ವಯಸ್ಸಿನಲ್ಲಿ ಮುಂಬೈಗೆ ಬಂದೆ. ಫೋರ್ಟ್‌ನಲ್ಲಿ ನಮ್ಮೂರಿನವರ ಹೋಟೆಲು. ಹಗಲು ಟೇಬಲ್ ಒರೆಸುವುದು, ಸಂಜೆ ಕನ್ನಡ ರಾತ್ರಿ ಶಾಲೆ. ಊಟ, ಮಲಗಲು ಜಾಗ, ತಿಂಗಳಿಗೆ ಸುಮಾರು 400 ರೂಪಾಯಿ. ಆಮೇಲೆ ಧಣಿಗಳು ಗೋರೆಗಾಂವ್‌ನಲ್ಲಿ ಇನ್ನೊಂದು ಕ್ಯಾಂಟೀನ್ ತೆರೆದರು, ನನ್ನನ್ನು ಅಲ್ಲಿಗೆ ಕಳಿಸಿದರು. ಅಲ್ಲಿಂದ ಫಿಲ್ಮ್ ಸಿಟಿಗೆ ಊಟ ಹೋಗುತ್ತಿತ್ತು. 1994ರ ಹೊತ್ತಿಗೆ ಡಬ್ಬಿ ಇಳಿಸಿ ವಾಪಸ್ ಬರಬೇಕಾದವನು ಅಲ್ಲೇ ನಿಲ್ಲಲು ಶುರು ಮಾಡಿದೆ. ಒಂದು ದಿನ ಗೋಡೆ ಎತ್ತಲು ಒಬ್ಬ ಕಡಿಮೆ ಇದ್ದ. ಹಿಡಿದೆ. ಸಂಜೆ 75 ರೂಪಾಯಿ ಕೊಟ್ಟರು. ಕ್ಯಾಂಟೀನ್‌ನ ಐದು ದಿನದ ಸಂಬಳ!

ಧಣಿಗಳಿಗೆ ಹೇಳಿದಾಗ ಅವರು ಗಲ್ಲಾದಿಂದ ತಲೆ ಎತ್ತಲೇ ಇಲ್ಲ. "ಎಂತ ಮಾಣಿ, ತಲೆ ಸಮ ಇತ್ತಾ ನಿಂಗೆ?" ಅಂದರು ಅಷ್ಟೆ.

ಬಣ್ಣದ ಕೆಲಸ ನನಗೆ ಹೊಸದಲ್ಲ. ನನ್ನ ದೊಡ್ಡಪ್ಪ ಯಕ್ಷಗಾನ ಮೇಳದಲ್ಲಿ ವೇಷದ ಪೆಟ್ಟಿಗೆ ನೋಡಿಕೊಳ್ಳುತ್ತಿದ್ದರು. ಚಿಕ್ಕವನಿದ್ದಾಗ ಚೌಕಿಯಲ್ಲಿ, ಅಂದರೆ ಬಣ್ಣ ಹಚ್ಚುವ ಜಾಗದಲ್ಲಿ, ಅವರ ಪಕ್ಕ ಕೂತು ನಿದ್ದೆಗೆಟ್ಟದ್ದೇ ನನ್ನ ಆರ್ಟ್ ಸ್ಕೂಲು. ಅದಕ್ಕೇ ಎರಡು ವರ್ಷದಲ್ಲಿ ಸೆಟ್ಟಿಂಗ್‌ನಿಂದ ಪೇಂಟಿಂಗ್‌ಗೆ, ಅಲ್ಲಿಂದ ಪ್ರಾಪ್ಸ್‌ಗೆ ಬಂದೆ. ಪ್ರಾಪ್ಸ್ ತರಲು ದುಡ್ಡು ಬೇಕು, ದುಡ್ಡಿಗೆ ಲೆಕ್ಕ ಬೇಕು. ಹೋಟೆಲಿನಲ್ಲಿ ಬೆಳೆದವನಿಗೆ ಲೆಕ್ಕ ಬರದೆ ಇರುತ್ತದೆಯೇ? ಹಾಗೆ ಪ್ರೊಡಕ್ಷನ್ ಚೀಲವೂ ಹೆಗಲಿಗೆ ಬಿತ್ತು.

ನಟನೆ ಬಂದದ್ದು 1997ರಲ್ಲಿ. ಒಬ್ಬ ವೇಟರ್ ಬೇಕಿತ್ತು, ಬರಬೇಕಾದವನು ಬರಲಿಲ್ಲ. ನನ್ನನ್ನು ದೂಡಿದರು. ಬೆರಳುಗಳ ನಡುವೆ ನಾಲ್ಕು ನೀರಿನ ಲೋಟ ಸಿಕ್ಕಿಸಿಕೊಂಡು ಬಂದು ಟೇಬಲ್ ಮೇಲೆ ಠಪ್ ಅಂತ ಇಟ್ಟೆ. ನಿರ್ದೇಶಕರು "ಕಟ್" ಅಂದು, "ನೀನು ವೇಟರ್ ಥರ ಕಾಣೋದಿಲ್ಲ, ಟ್ರೇ ಹಿಡಿದುಕೊಂಡು ಬಾ" ಅಂದರು. ಐದು ವರ್ಷ ಅದೇ ಕೆಲಸ ಮಾಡಿದವನು ನಾನು. ಟ್ರೇ ಹಿಡಿದುಕೊಂಡು ಬಂದೆ. 500 ರೂಪಾಯಿ. ಆಗ ಅನ್ನಿಸಿದ್ದು, ಇಲ್ಲಿ ಸೆಟ್ ಮಾಡುವವನಿಗೆ ನಟ ಏನು ಮಾಡುತ್ತಾನೆ ಗೊತ್ತಿಲ್ಲ, ನಟನಿಗೆ ವಸ್ತು ಎಲ್ಲಿಂದ ಬಂತು ಗೊತ್ತಿಲ್ಲ, ದುಡ್ಡು ಕೊಡುವವನಿಗೆ ಎರಡೂ ಗೊತ್ತಿಲ್ಲ. ಮೂರನ್ನೂ ಬಲ್ಲವನೊಬ್ಬ ಇದ್ದರೆ ಲಾಭ ಅಲ್ವಾ?

ಲಾಭ ಕಾಣಲು ಇಪ್ಪತ್ತೈದು ವರ್ಷ ಹಿಡಿಯಿತು. ನಡುವೆ ಆದದ್ದೆಲ್ಲ ನಷ್ಟ. ಅದನ್ನೇ ಹೇಳುತ್ತೇನೆ.

ಮೊದಲನೇ ದೊಡ್ಡ ಎಡವಟ್ಟು 2002ರದ್ದು. ಕೋರ್ಟಿನ ಸೀನು. ಆರ್ಟ್‌ನಲ್ಲಿ ನಾನು ಅಸಿಸ್ಟೆಂಟ್, ಪ್ರೊಡಕ್ಷನ್‌ನ ಪೆಟ್ಟಿ ಕ್ಯಾಶ್ ನನ್ನ ಜೇಬಿನಲ್ಲಿ, ಮೇಲಿಂದ ಜಡ್ಜ್ ಪಾತ್ರವೂ ನನಗೇ. ಕಪ್ಪು ಕೋಟು ಹಾಕಿ ಕುರ್ಚಿಯಲ್ಲಿ ಕೂತಿದ್ದೇನೆ. ಟೇಕ್ ನಡೀತಿದೆ. ತೀರ್ಪು ಓದಬೇಕು. ಅಷ್ಟರಲ್ಲಿ ಜನರೇಟರ್ ವ್ಯಾನಿನ ಡ್ರೈವರ್ ಸಾಕ್ಷಿ ಕಟಕಟೆಯ ಪಕ್ಕದಿಂದ ನುಗ್ಗಿ ಬಂದು, "ದಾದಾ, ಡೀಸೆಲ್ ಕಾ ಪೈಸಾ" ಅಂದ. ಇಡೀ ಫ್ಲೋರ್ (ಸ್ಟುಡಿಯೋದ ಶೂಟಿಂಗ್ ಹಾಲ್) ನಕ್ಕಿತು, ನಿರ್ದೇಶಕರೊಬ್ಬರನ್ನು ಬಿಟ್ಟು. ಆಗ ಫಿಲ್ಮ್ ರೋಲು. ಹಾಳಾದ ಒಂದೊಂದು ಅಡಿಗೂ ದುಡ್ಡು. ಅದರ ಮೇಲೆ, ಕುರ್ಚಿಯ ಕೈಗೆ ನಾನೇ ಬೆಳಿಗ್ಗೆ ಹೊಡೆಸಿದ್ದ ಪಾಲಿಶ್ ಒಣಗಿರಲಿಲ್ಲ. ಕೋಟಿನ ತೋಳು ಅಂಟಿಕೊಂಡಿತು. ಕಾಸ್ಟ್ಯೂಮ್‌ನವರು ಕೋಟಿನ ದುಡ್ಡು ನನ್ನಿಂದಲೇ ಕತ್ತರಿಸಿದರು. ಜಡ್ಜ್ ಪಾತ್ರಕ್ಕೆ ಸಿಕ್ಕಿದ್ದು 1,500, ಕೋಟಿಗೆ ಹೋದದ್ದು ಸುಮಾರು 1,800.

ಅವತ್ತಿನಿಂದ ನನ್ನ ಮೊದಲ ನಿಯಮ: ನಟಿಸುವ ದಿನ ಜೇಬಿನಲ್ಲಿ ಹತ್ತು ರೂಪಾಯಿಯೂ ಇರಬಾರದು, ಕೈಯಲ್ಲಿ ವಾಕಿಟಾಕಿಯೂ ಇರಬಾರದು. ಹಿಂದಿನ ರಾತ್ರಿಯೇ ಕ್ಯಾಶ್ ಬ್ಯಾಗ್ ಮತ್ತು ಪುಸ್ತಕ ಅಸಿಸ್ಟೆಂಟ್‌ಗೆ ಎಣಿಸಿಕೊಟ್ಟು ಸಹಿ ತೆಗೆದುಕೊಳ್ಳುತ್ತೇನೆ. ಮರುದಿನ ಯಾರು ಬಂದು ಏನು ಕೇಳಿದರೂ "ನಾನು ಇವತ್ತು ಆರ್ಟಿಸ್ಟ್" ಅನ್ನುತ್ತೇನೆ. ಜನ ನಗುತ್ತಾರೆ. ನಗಲಿ.

ಎರಡನೆಯದು ನೀರು. 2005ರ ಜುಲೈ 26. ಸಾಂತಾಕ್ರೂಜ್‌ನಲ್ಲಿ ಒಂದೇ ದಿನ 944 ಮಿಲಿಮೀಟರ್ ಮಳೆ. ನನ್ನ ಪ್ರಾಪ್ಸ್ ಗೋಡೌನ್ ಆಗ ಕುರ್ಲಾದಲ್ಲಿತ್ತು, ಮಿಠಿ ನದಿಗೆ ಹತ್ತಿರ, ನೆಲದ ಮಟ್ಟದಲ್ಲಿ. ಬಾಡಿಗೆ ಕಡಿಮೆ ಅಂತ ಹಿಡಿದದ್ದು. ಆ ದಿನ ನಾನು ಬಾಂದ್ರಾದಿಂದ ಗೋರೆಗಾಂವ್‌ಗೆ ನಡೆದುಕೊಂಡು ಬಂದೆ, ಸೊಂಟದ ಮಟ್ಟ ನೀರಿನಲ್ಲಿ. ಗೋಡೌನ್ ಬಾಗಿಲು ತೆಗೆಯಲು ಮೂರನೇ ದಿನ ಆಯಿತು. ಹನ್ನೊಂದು ವಾಲ್ವ್ ರೇಡಿಯೋ, ಎರಡು ಹಾರ್ಮೋನಿಯಂ, ಹಳೇ ಟೈಪ್‌ರೈಟರ್‌ಗಳು, ಮಟನ್ ಸ್ಟ್ರೀಟ್‌ನ ಚೋರ್ ಬಜಾರಿನಿಂದ ಐದಾರು ವರ್ಷ ಶುಕ್ರವಾರ ಶುಕ್ರವಾರ ಹೋಗಿ ಹೆಕ್ಕಿ ತಂದ ಗಡಿಯಾರಗಳು, ಎಲ್ಲ ಕೆಸರು. ಹಾರ್ಮೋನಿಯಂ ಹಿಡಿದೆತ್ತಿದರೆ ತಿದಿ ಕೈಗೆ ಬಂತು. ಸುಮಾರು 4 ಲಕ್ಷ ಹೋಯಿತು. ಇನ್ಶೂರೆನ್ಸ್ ಮಾಡಿಸುವ ಬುದ್ಧಿ ಆಗ ಇರಲಿಲ್ಲ.

ಕೆಸರು ಹಿಡಿದ ಎರಡು ರೇಡಿಯೋ ಮಾತ್ರ ತೊಳೆಯದೆ ಹಾಗೇ ಒಣಗಿಸಿ ಇಟ್ಟೆ. ಆಮೇಲೆ ಪ್ರವಾಹದ ಸೀನುಗಳಿಗೆ ಅವು ಎಷ್ಟು ಬಾಡಿಗೆ ತಂದವು ಅಂದರೆ, ಚೆನ್ನಾಗಿದ್ದಾಗ ಅಷ್ಟು ತಂದಿರಲಿಲ್ಲ. ಈಗ ನನ್ನ ಗೋಡೌನ್ ಜೋಗೇಶ್ವರಿಯಲ್ಲಿ, ಮೊದಲ ಮಹಡಿಯಲ್ಲಿ. ಸಾಮಾನು ಹತ್ತಿಸಲು ಇಬ್ಬರು ಜಾಸ್ತಿ ಬೇಕು. ಪರವಾಗಿಲ್ಲ.

2008ರ ಅಕ್ಟೋಬರ್‌ನ ಸಿನಿಮಾ ಕೆಲಸಗಾರರ ಮುಷ್ಕರದಲ್ಲಿ ಇನ್ನೊಂದು ಪಾಠ ಆಯಿತು. ಕೆಲಸಗಾರರ ಕಡೆಯಿಂದ ನೋಡಿದರೆ ನಾನು ಅವರವನು, ಗೋಡೆ ಎತ್ತಿ ಬಂದವನು. ಪ್ರೊಡಕ್ಷನ್ ಕಡೆಯಿಂದ ನೋಡಿದರೆ ಬಾಡಿಗೆ ಓಡುತ್ತಿರುವ ಫ್ಲೋರಿಗೆ ಉತ್ತರ ಕೊಡಬೇಕಾದವನು. ಮದ್ದಳೆಯ ಹಾಗೆ ಎರಡೂ ಕಡೆ ಪೆಟ್ಟು. ಕೊನೆಗೆ ನಾನು ಕೆಲಸಗಾರರ ಜೊತೆ ಹೊರಗೆ ನಿಂತೆ. ಆ ನಿರ್ಮಾಪಕರು ಮತ್ತೆ ಕರೆಯಲಿಲ್ಲ. ಸೆಟ್ಟಿಂಗ್‌ನವರು ಮಾತ್ರ ಇವತ್ತಿಗೂ ರಾತ್ರಿ ಹನ್ನೊಂದಕ್ಕೆ ಫೋನ್ ಮಾಡಿದರೂ ಬರುತ್ತಾರೆ. ನನ್ನ ಬಜೆಟ್ ಕಡಿಮೆ ಬರುವುದಕ್ಕೆ ಅರ್ಧ ಕಾರಣ ಅದೇ. ಅದನ್ನು ಕಾಗದದಲ್ಲಿ ತೋರಿಸಲು ಆಗುವುದಿಲ್ಲ.

ಇನ್ನು 2011. ಒಂದು ಸೀರಿಯಲ್ ಕಂಪನಿ. ಹೆಸರು ಬೇಡ, ಈಗ ಅದು ಇಲ್ಲ. ಟಿವಿಯಲ್ಲಿ ದುಡ್ಡು ಕೈಗೆ ಬರುವುದು ಕೆಲಸ ಮಾಡಿದ ತೊಂಬತ್ತು ದಿನಕ್ಕೆ. ನಾನು ಮೂರೂ ಕೆಲಸವನ್ನು ಒಂದೇ ಬಿಲ್‌ನಲ್ಲಿ ಹಾಕಿದ್ದೆ. "ಟೋಟಲ್ ಪ್ಯಾಕೇಜ್" ಅಂತ ದೊಡ್ಡದಾಗಿ ಬರೆದು. ತೊಂಬತ್ತು ದಿನ ಕಳೆಯಿತು, ನೂರಿಪ್ಪತ್ತಾಯಿತು, ಚೆಕ್ ಬಂತು, ಬೌನ್ಸ್ ಆಯಿತು. 2 ಲಕ್ಷ 30 ಸಾವಿರ. ವಿಚಾರಿಸಿದರೆ, ಬರೀ ನಟರಾಗಿದ್ದವರಿಗೆ ಸ್ವಲ್ಪ ಸಿಕ್ಕಿತ್ತು. ಬರೀ ಸೆಟ್ ಮಾಡಿದವರಿಗೂ ಅರ್ಧ ಸಿಕ್ಕಿತ್ತು. ನನ್ನ ಬಿಲ್ ದೊಡ್ಡದು, ಅದಕ್ಕೇ ಕೊನೆಗೆ ಇಟ್ಟರು, ಕೊನೆಗೆ ಡಬ್ಬಿಯೇ ಖಾಲಿ. ಆ ರಾತ್ರಿ ಮಾಟುಂಗಾದಲ್ಲಿ ಒಂದು ಕನ್ನಡ ನಾಟಕದ ರಿಹರ್ಸಲ್ ಇತ್ತು. ಹೋದೆ. ರಾಜನ ಪಾತ್ರ. ಎಲ್ಲರೂ "ಇವತ್ತು ಗಾಂಭೀರ್ಯ ಚೆನ್ನಾಗಿ ಬಂತು" ಅಂದರು.

ಮೂರು ವೋಚರ್ ಪದ್ಧತಿ ಹುಟ್ಟಿದ್ದು ಅಲ್ಲಿಂದ. ಒಂದೇ ಸಿನಿಮಾ ಆದರೂ ಮೂರು ಕರಾರು, ಮೂರು ಬಿಲ್ಲು, ಮೂರು ಗಡುವು. ಡಿಸೈನಿನ ದುಡ್ಡಲ್ಲಿ 40 ಶೇಕಡಾ ಮೊದಲೇ ಕೈಗೆ ಬರಬೇಕು, ಇಲ್ಲದಿದ್ದರೆ ನಾನು ಬಜಾರಿಗೆ ಕಾಲಿಡುವುದಿಲ್ಲ. ಪ್ರೊಡಕ್ಷನ್ ದುಡ್ಡು ವಾರ ವಾರ. ನಟನೆಯದ್ದು ಹೇಗೆ ತೆಗೆದುಕೊಳ್ಳುತ್ತೇನೆ ಅನ್ನುವುದನ್ನು ಹೇಳುವುದಿಲ್ಲ, ಅದು ನನ್ನ ಹೊಟ್ಟೆಪಾಡು. ಇಷ್ಟು ಹೇಳಬಹುದು: ಮೂರರಲ್ಲಿ ಒಂದು ನಿಂತರೆ ಉಳಿದೆರಡು ಅದನ್ನು ಎಳೆದು ತರುತ್ತವೆ. ಟಿಡಿಎಸ್, ಅಂದರೆ ಮೊದಲೇ ಹಿಡಿಯುವ ತೆರಿಗೆ, ಮೂರು ಕಡೆಯೂ ಕತ್ತರಿಸುತ್ತಾರೆ. ವರ್ಷದ ಕೊನೆಗೆ ಆ ಕಡಿತದ ಸರ್ಕಾರಿ ಪಟ್ಟಿ ತೆಗೆದು ನೋಡದವನು ದಡ್ಡ. ನನ್ನ ಲೆಕ್ಕದವರು ಮೊದಲ ಸಲ ನೋಡಿದಾಗ ಎರಡು ವರ್ಷದ 38 ಸಾವಿರ ಸುಮ್ನೆ ಬಿದ್ದಿತ್ತು.

ಯೂನಿಯನ್ ಕಾರ್ಡಿನ ವಿಷಯವೂ ಅಷ್ಟೇ. ನಟನ ಕಾರ್ಡ್ ಬೇರೆ, ಆರ್ಟ್‌ನ ಕಾರ್ಡ್ ಬೇರೆ. ಎರಡನ್ನೂ ಮಾಡಿಸಿ. ಕಾರ್ಡ್ ತಪಾಸಣೆ ಮಾಡುವ ವಿಜಿಲೆನ್ಸ್‌ನವರು ಸೆಟ್ಟಿಗೆ ಬಂದ ದಿನ ನೀವು ಯಾವ ವೇಷದಲ್ಲಿ ಇರುತ್ತೀರೋ ಯಾರಿಗೆ ಗೊತ್ತು.

ಈಗ ನನ್ನ ಪ್ರಯೋಗಗಳ ಕಥೆ. ಇದು ಸ್ವಲ್ಪ ದಾರಿ ತಪ್ಪುತ್ತದೆ, ಆದರೂ ಹೇಳುತ್ತೇನೆ.

ಗೋಡೆಗೆ ಹಳೆಯ ಸುಣ್ಣ ಎದ್ದುಬಂದ ಹಾಗೆ ಕಾಣಬೇಕು ಅಂದರೆ ಎಲ್ಲರೂ ಪಿಒಪಿಯಲ್ಲೇ (ಪ್ಲಾಸ್ಟರ್ ಆಫ್ ಪ್ಯಾರಿಸ್) ಮಾಡುತ್ತಾರೆ. ನನಗೆ ಚೌಕಿಯ ನೆನಪು. ರಾಕ್ಷಸ ವೇಷಕ್ಕೆ ಅಕ್ಕಿಯನ್ನು ನುಣ್ಣಗೆ ಅರೆದು ಸುಣ್ಣ ಸೇರಿಸಿ ಮುಖದ ಮೇಲೆ ಚಿಟ್ಟಿ ಇಡುತ್ತಾರಲ್ಲ, ಒಣಗಿದಾಗ ಮುಳ್ಳು ಮುಳ್ಳಾಗಿ ಎದ್ದು ನಿಲ್ಲುತ್ತದೆ. ಅದನ್ನೇ ಗೋಡೆಗೆ ಯಾಕೆ ಹಾಕಬಾರದು? ಹಾಕಿದೆ. ಅದ್ಭುತವಾಗಿ ಬಂತು. ಖರ್ಚು ಪಿಒಪಿಯ ಕಾಲು ಭಾಗ. ಗುರುಗಳನ್ನು ಕರೆದು ತೋರಿಸಿದೆ. ಬೆಳಿಗ್ಗೆ ಬಂದು ನೋಡಿದರೆ ಗೋಡೆಯ ಕೆಳಗಿನ ಮೂರು ಅಡಿ ಬೋಳು. ರಾತ್ರಿ ಇಲಿಗಳು ಊಟ ಮಾಡಿದ್ದವು. ಫಿಲ್ಮ್ ಸಿಟಿ ಅಂದರೆ ಪಕ್ಕದಲ್ಲೇ ನ್ಯಾಷನಲ್ ಪಾರ್ಕು. ಚಿರತೆಯೇ ಬರುವ ಜಾಗ, ಇಲಿ ಯಾವ ಲೆಕ್ಕ.

ಸೋಲಲಿಲ್ಲ. ಪುಸ್ತಕ ಕಟ್ಟುವವರು ಮೈದಾ ಅಂಟಿಗೆ ಹುಳ ಬಾರದಿರಲಿ ಅಂತ ಮೈಲುತುತ್ತು ಹಾಕುತ್ತಾರೆ. ನಾನೂ ಹಾಕಿದೆ. ಇಲಿ ಬರಲಿಲ್ಲ, ಆದರೆ ಗೋಡೆ ನೀಲಿಯಾಯಿತು. ಸುಣ್ಣ, ಮೈಲುತುತ್ತು ಎರಡೂ ಸೇರಿದರೆ ಏನಾಗುತ್ತದೆ ಅಂತ ನಮ್ಮೂರ ಯಾವ ಅಡಿಕೆ ತೋಟದವನಿಗೂ ಗೊತ್ತು. ಮಳೆಗಾಲಕ್ಕೆ ಮುಂಚೆ ಕೊಳೆರೋಗಕ್ಕೆ ಹೊಡೆಯುವ ಬೋರ್ಡೋ ದ್ರಾವಣ! ಒಂದು ಕಿಲೋ ಮೈಲುತುತ್ತು, ಒಂದು ಕಿಲೋ ಸುಣ್ಣ, ನೂರು ಲೀಟರ್ ನೀರು. ನಾನು ತಲೆ ಮೇಲೆ ಕೈ ಹೊತ್ತು ಕೂತಿದ್ದೆ. ಕ್ಯಾಮೆರಾಮನ್ ಬಂದು, "ಇದು ನಮ್ಮ ಲಾಲ್‌ಬಾಗಿನ ಚಾಳಿನ ನೀಲಿ, ಎಲ್ಲಿಂದ ತಂದೆ?" ಅಂದರು. ಮುಂಬೈನ ಪರೇಲ್, ಲಾಲ್‌ಬಾಗ್‌ನ ಹಳೇ ಚಾಳುಗಳಲ್ಲಿ, ಅಂದರೆ ಒಂದೊಂದು ಕೋಣೆಯ ಸಾಲುಮನೆಗಳಲ್ಲಿ, ಸುಣ್ಣಕ್ಕೆ ನೀಲಿ ಹಾಕಿ ಬಳಿದ ಗೋಡೆಗಳನ್ನು ನೋಡಿದ್ದೀರಲ್ಲ, ಅದೇ ಬಣ್ಣ. ಮುಚ್ಚಿಟ್ಟು, "ರಿಸರ್ಚ್ ಮಾಡಿದೆ ಸಾರ್" ಅಂದೆ. ಅಲ್ಲಿಂದ ಚಾಳಿನ ಸೆಟ್ ಅಂದರೆ ನನಗೇ ಫೋನು. ಎಷ್ಟು ಹಾಕಬೇಕು, ಯಾವ ಹಂತದಲ್ಲಿ ಹಾಕಬೇಕು ಅನ್ನುವುದು ನನ್ನ ಪುಸ್ತಕದಲ್ಲಿದೆ, ಅಲ್ಲೇ ಇರಲಿ. ಮೈಲುತುತ್ತು ವಿಷ, ಕೈಗೆ ಗ್ಲೌಸ್ ಹಾಕಿ, ಮುಖಕ್ಕೆ ಬಟ್ಟೆ ಕಟ್ಟಿ. ಇದನ್ನು ಮಾತ್ರ ಮುಚ್ಚಿಡುವುದಿಲ್ಲ.

ಕಾಗದ ಹಳತು ಮಾಡುವುದಕ್ಕೆ ಎಲ್ಲರೂ ಚಹಾ ನೀರು ಬಳಸುತ್ತಾರೆ. ನಾನು ಕಾಫಿ ಡಿಕಾಕ್ಷನ್ ಪ್ರಯತ್ನಿಸಿದೆ. ಬಣ್ಣ ಚೆನ್ನಾಗಿ ಬರುತ್ತದೆ, ಆದರೆ ಇಡೀ ಸೆಟ್ ಕಾಫಿ ವಾಸನೆ. ಅಳುವ ಸೀನಿನಲ್ಲಿ ಹಳೇ ಪತ್ರ ಓದಬೇಕಾದ ನಟಿ ಎರಡು ಸಲ "ಕಾಫಿ ಸಿಗುತ್ತಾ" ಅಂದರು. ಚಹಾವೇ ವಾಸಿ.

ಹಳೇ ಬಾಗಿಲುಗಳ ವಿಷಯ. ಓಶಿವಾರಾ ಫರ್ನಿಚರ್ ಬಜಾರಿನಲ್ಲಿ ಈಗ ಬರ್ಮಾ ತೇಗದ ಒಂದು ಜೋಡಿ ಬಾಗಿಲಿಗೆ ಕೇಳುವ ದುಡ್ಡಿಗೆ ನಮ್ಮೂರಲ್ಲಿ ಒಂದು ಹಸು ಬರುತ್ತದೆ. ನನಗೆ ಅದರ ಮೂರನೇ ಒಂದು ಭಾಗಕ್ಕೆ ಸಿಗುತ್ತದೆ. ಯಾವ ಚಾಳು ಯಾವಾಗ ಕೆಡವುತ್ತಾರೆ ಅಂತ ನನಗೆ ಮೊದಲೇ ಫೋನ್ ಬರುತ್ತದೆ. ಯಾರದು ಅಂತ ಕೇಳಬೇಡಿ.

ಸರಿ, ಮತ್ತೆ ದಾರಿಗೆ ಬರೋಣ.

2020ರ ಮಾರ್ಚ್ 19ರಿಂದ ಶೂಟಿಂಗ್ ಎಲ್ಲ ಬಂದ್. ಗೋಡೌನ್ ಬಾಡಿಗೆ ತಿಂಗಳಿಗೆ 22 ಸಾವಿರ. ಮಾಲೀಕರು ಒಳ್ಳೆಯವರು, ಎರಡು ತಿಂಗಳು ಅರ್ಧ ತೆಗೆದುಕೊಂಡರು. ಉಳಿದದ್ದಕ್ಕೆ ಹೆಂಡತಿಯ ಬಳೆ. ಆಗ ಆಡಿಷನ್ ಎಲ್ಲ ಮನೆಯಿಂದಲೇ ವಿಡಿಯೋ ಮಾಡಿ ಕಳಿಸುವುದು ಶುರುವಾಯಿತು. ಆಡಿಷನ್‌ಗೆ ಆರಾಮ್ ನಗರದ ಆಫೀಸುಗಳ ಮೆಟ್ಟಿಲು ಹತ್ತಿ ಇಳಿದು ಮಂಡಿ ಸವೆಸಿಕೊಂಡವರಿಗೆ ಸುಖವೇ, ಆದರೆ ಮುಂಬೈನ ಒಂದು ಕೋಣೆಯ ಮನೆಯಲ್ಲಿ ಖಾಲಿ ಗೋಡೆ ಎಲ್ಲಿದೆ? ಲಾಕ್‌ಡೌನ್ ಸಡಿಲವಾದ ಮೇಲೆ ನಾನು ಗೋಡೌನ್ ಮೂಲೆಯಲ್ಲಿ ಒಂದು ಬೂದು ಬಣ್ಣದ ಫ್ಲ್ಯಾಟ್ ನಿಲ್ಲಿಸಿ, ಎರಡು ಲೈಟು ಹಾಕಿ, ನಾಟಕದ ಗೆಳೆಯರಿಗೆ ಬಿಟ್ಟೆ. ಇದ್ದವರು 200 ಕೊಡುತ್ತಿದ್ದರು, ಇಲ್ಲದವರು ಪ್ರಾಪ್ಸ್ ಒರೆಸಿಕೊಟ್ಟು ಹೋಗುತ್ತಿದ್ದರು. ಅವರಿಗೆಲ್ಲ ಎದುರಿನ ಸಂಭಾಷಣೆ ಓದಿ ಓದಿ ನನ್ನ ನಟನೆಯೇ ಸುಧಾರಿಸಿತು. ಒಬ್ಬ ಹುಡುಗ ಕಳಿಸಿದ ವಿಡಿಯೋದಲ್ಲಿ ಕ್ಯಾಮೆರಾ ಹಿಂದಿನ ನನ್ನ ಧ್ವನಿ ಕೇಳಿ, "ಅದು ಯಾರು ಮಾತಾಡಿದ್ದು" ಅಂತ ಕಾಸ್ಟಿಂಗ್‌ನವರು ಕೇಳಿದರು. ಹಾಗೆ ಎರಡು ವೆಬ್ ಸೀರೀಸ್‌ಗಳಲ್ಲಿ ಪಾತ್ರ ಸಿಕ್ಕಿತು. ಪಾಪ, ಆ ಹುಡುಗನಿಗೆ ಸಿಗಲಿಲ್ಲ. ಈಗ ಅವನೇ ನನ್ನ ಅಸಿಸ್ಟೆಂಟ್, ಕ್ಯಾಶ್ ಬ್ಯಾಗ್ ಹಿಡಿಯುವವನು.

ನಡುವೆ ಒಮ್ಮೆ ಪುಣೆಗೆ ಹೋಗಿದ್ದೆ, ಫಿಲ್ಮ್ ಇನ್‌ಸ್ಟಿಟ್ಯೂಟಿನ ವಿದ್ಯಾರ್ಥಿಗಳ ಸಿನಿಮಾಕ್ಕೆ. ಅದು ಹಳೆಯ ಪ್ರಭಾತ್ ಸ್ಟುಡಿಯೋ ಜಾಗ. 1933ರಲ್ಲಿ ಕೊಲ್ಹಾಪುರದಿಂದ ಅಲ್ಲಿಗೆ ಬಂದ ಕಂಪನಿ. ಆ ಫ್ಲೋರಿನಲ್ಲಿ ನಿಂತಾಗ ನನಗೆ ಹಿಂದಿ ಸಿನಿಮಾದ ನಟ, ನಿರ್ದೇಶಕ ಗುರುದತ್ ನೆನಪಾದರು. ನಮ್ಮ ಬೆಂಗಳೂರಿನಲ್ಲಿ 1925ರಲ್ಲಿ ಹುಟ್ಟಿದವರು. 1944ರಲ್ಲಿ ಪ್ರಭಾತ್‌ಗೆ ಮೂರು ವರ್ಷದ ಕರಾರಿನ ಮೇಲೆ ಬಂದರು. ಅಲ್ಲಿ ನೃತ್ಯ ಹೇಳಿಕೊಟ್ಟರು, ಸಣ್ಣ ಪಾತ್ರ ಮಾಡಿದರು, ಸಹಾಯಕ ನಿರ್ದೇಶಕರಾಗಿ ದುಡಿದರು. ಎಲ್ಲ ಒಂದೇ ಕಾಂಪೌಂಡಿನೊಳಗೆ. ಅದೇ ಪ್ರಭಾತ್‌ನಲ್ಲಿ ಫತ್ತೇಲಾಲ್ ಸೆಟ್ ನೋಡಿಕೊಳ್ಳುತ್ತಿದ್ದರು, ದಾಮ್ಲೆ ಶಬ್ದ ನೋಡಿಕೊಳ್ಳುತ್ತಿದ್ದರು, ಇಬ್ಬರೂ ಸೇರಿ ನಿರ್ದೇಶನವನ್ನೂ ಮಾಡಿದರು. ಅವರಿಗೆ ಯಾರೂ "ಒಂದು ಕೆಲಸ ಹಿಡಿ" ಅನ್ನಲಿಲ್ಲ. ಗುರುದತ್‌ಗೆ ಸ್ಟುಡಿಯೋ ಸಂಬಳ ಕೊಡುತ್ತಿತ್ತು, ಫತ್ತೇಲಾಲ್, ದಾಮ್ಲೆ ಸ್ಟುಡಿಯೋದ ಪಾಲುದಾರರೇ, ಮಾಡಿದರು. ನಮಗೆ ಆ ಸಂಬಳ ಇಲ್ಲ, ಅದಕ್ಕೇ ಮೂರು ವೋಚರ್. ದೊಡ್ಡವರ ಜೊತೆ ನನ್ನನ್ನು ಹೋಲಿಸಿಕೊಳ್ಳುತ್ತಿದ್ದೇನೆ ಅಂತ ನಗಬೇಡಿ. ನಗುವುದಾದರೆ ಸ್ವಲ್ಪ ನಗಿ.

ಈಗ ಫೆಬ್ರವರಿಯ ಸಿನಿಮಾ. ಕಥೆ ನಡೆಯುವುದು ಒಂದು ಚಾಳು ಮತ್ತು ಅದರ ಕೆಳಗಿನ ಉಡುಪಿ ಹೋಟೆಲಿನಲ್ಲಿ. ಬೇರೆ ಇಬ್ಬರು ಡಿಸೈನರ್‌ಗಳು ಸೆಟ್ಟಿಗೆ 14 ಮತ್ತು 15 ಲಕ್ಷ ಕೇಳಿದ್ದರಂತೆ. ನಿರ್ಮಾಪಕರ ಹತ್ತಿರ ಇದ್ದದ್ದು 7. ನಾನು ಬಜೆಟ್ ಬರೆಯುವ ಮೊದಲು ಶೆಡ್ಯೂಲ್ ಬರೆದೆ. ಯಾವ ದಿನ ಯಾವ ಗೋಡೆ ಕ್ಯಾಮೆರಾಕ್ಕೆ ಕಾಣುತ್ತದೆ, ಅಷ್ಟೇ ನೋಡಿದೆ. ಚಾಳಿನ ಕೋಣೆಗೂ ಹೋಟೆಲಿಗೂ ಒಂದೇ ಸಾಲು ಫ್ಲ್ಯಾಟ್. ಎದುರಿಗೆ ನೀಲಿ ಚಾಳು, ಹಿಂದೆ ಹೋಟೆಲಿನ ಟೈಲ್ಸು. ಹೋಟೆಲು ಮುಗಿದ ರಾತ್ರಿ ಗೋಡೆ ತಿರುಗಿಸಿದರೆ ಚಾಳು. ಡಿಸೈನರ್ ಬೇರೆ, ಪ್ರೊಡಕ್ಷನ್ ಬೇರೆ ಆಗಿದ್ದರೆ ಈ ಒಂದು ರಾತ್ರಿಗಾಗಿ ಒಂದು ವಾರ ಜಗಳ ಆಗುತ್ತಿತ್ತು. ನಾನು ನನ್ನ ಜೊತೆಗೇ ಜಗಳ ಆಡಿ ಅರ್ಧ ಗಂಟೆಯಲ್ಲಿ ಮುಗಿಸಿದೆ. ಸೆಟ್ 6 ಲಕ್ಷ 70 ಸಾವಿರದ ಒಳಗೆ ನಿಂತಿತು.

ನಿರ್ದೇಶಕರು ತೋರಿಸಿದ ಫೋಟೋಗಳಲ್ಲಿ ಉಡುಪಿ ಹೋಟೆಲು ಅಂದರೆ ಟೇಬಲ್ ಟೇಬಲ್ ಮೇಲೆ ಬಾಳೆಲೆ, ಮೂಲೆಯಲ್ಲಿ ದೊಡ್ಡ ದೀಪಸ್ತಂಭ, ಗೋಡೆಗೆ ಕಥಕ್ಕಳಿ ಮುಖ. ಎಲ್ಲ ತೆಗೆಸಿದೆ. ಮುಂಬೈಯ ನಮ್ಮ ಹೋಟೆಲು ಹೇಗಿರುತ್ತದೆ? ಗಲ್ಲಾ ಹಿಂದೆ ಕೃಷ್ಣ, ಮೂಕಾಂಬಿಕೆ, ಮಂಜುನಾಥ, ಊದುಬತ್ತಿ ಹೊಗೆಗೆ ಕಪ್ಪಾದ ಫ್ರೇಮು. ಕೈ ತೊಳೆಯುವ ಜಾಗದಲ್ಲಿ ಕನ್ನಡಿ, ಅದರ ಕೆಳಗಿನ ಅಂಚಿನಲ್ಲಿ ಮಾತ್ರ ಸೋಪಿನ ಕಲೆ. ಬೆಂಚಿನ ಹಿಂದಿನ ಗೋಡೆಯಲ್ಲಿ ತಲೆ ಒರಗುವ ಎತ್ತರಕ್ಕೆ ಎಣ್ಣೆಯ ಒಂದು ಪಟ್ಟಿ. ಅಡುಗೆಮನೆಯ ಕಿಂಡಿಯ ಕೆಳಗೆ ಸಾಂಬಾರು ಸೋರಿದ ಗೆರೆ. ಮೊದಲೇ ಜಾಗ ನೋಡಿ ಬರುವ ಯಾವ ರೆಕ್ಕಿಯಿಂದಲೂ ಇದು ಸಿಗುವುದಿಲ್ಲ. ಒರೆಸಿದವನಿಗೆ ಗೊತ್ತಿರುತ್ತದೆ. ಪೇಂಟರ್‌ಗಳು ಗೋಡೆಗೆ ಎಲ್ಲ ಕಡೆ ಸಮನಾಗಿ ಕೊಳೆ ಹೊಡೆಯಲು ಹೊರಟರು. ನಿಲ್ಲಿಸಿ, ನಾನೇ ಪ್ರತಿ ಕುರ್ಚಿಯಲ್ಲಿ ಕೂತು, ಎದ್ದು, ಪಾತ್ರ ಮಾಡುವ ಹಾಗೆ ಓಡಾಡಿದೆ. ಕೈ ಎಲ್ಲಿ ತಾಗಿತೋ ಅಲ್ಲಿ ಚಾಕ್‌ಪೀಸ್ ಗುರುತು. ಅಲ್ಲಿ ಮಾತ್ರ ಕೊಳೆ. ನಟನೆ ಗೊತ್ತಿದ್ದರೆ ಪೇಂಟಿನ ಖರ್ಚೂ ಉಳಿಯುತ್ತದೆ, ನೋಡಿ.

ಗಲ್ಲಾದಲ್ಲಿ ಕೂರುವ ಮಾಲೀಕನ ಪಾತ್ರಕ್ಕೆ ಬೇರೆ ಒಬ್ಬರನ್ನು ನೋಡಿದ್ದರು. ಆಡಿಷನ್‌ನಲ್ಲಿ ಅವರು ಪ್ರತಿ ಮಾತಿಗೂ "ಅಯ್ಯಯ್ಯೋ" ಹಾಕುತ್ತಿದ್ದರು. ಈ ಊರಿನಲ್ಲಿ ವಿಂಧ್ಯದಿಂದ ಕೆಳಗಿನವರೆಲ್ಲ ಮದ್ರಾಸಿ, ಮದ್ರಾಸಿ ಅಂದರೆ ಅಯ್ಯಯ್ಯೋ. ನಾನು ಪ್ರೊಡಕ್ಷನ್ ಕಡೆಯಿಂದ ಸಂಭಾಷಣೆ ಓದಿಕೊಡಲು ನಿಂತವನು, ಧಣಿಗಳ ಹಾಗೆ ಓದಿದೆ. ಧ್ವನಿ ಏರಿಸದೆ, ನೋಟು ಎಣಿಸುತ್ತಾ, ತಲೆ ಎತ್ತದೆ. ಪಾತ್ರ ನನಗೆ ಬಂತು. ದಿನಕ್ಕೆ 20 ಸಾವಿರ, ಎರಡು ದಿನ.

ಆ ಎರಡು ದಿನವನ್ನು ಶೆಡ್ಯೂಲಿನಲ್ಲಿ ಎಲ್ಲಿಟ್ಟೆ ಅನ್ನುವುದರಲ್ಲೇ ಪದ್ಧತಿಯ ಜೀವ ಇದೆ. ಸೆಟ್ ಹೊಸದಾಗಿದ್ದಾಗ ಅಲ್ಲ, ಆಗ ಏನಾದರೊಂದು ಕಳಚುತ್ತಲೇ ಇರುತ್ತದೆ. ಗೋಡೆ ತಿರುಗಿಸುವ ಹಿಂದಿನ ದಿನವೂ ಅಲ್ಲ, ಆಗ ತಲೆ ಅಲ್ಲಿರುತ್ತದೆ. ಹೋಟೆಲಿನ ಭಾಗ ಒಂಬತ್ತು ದಿನ. ನಾನು ಮೂರನೇ ಮತ್ತು ನಾಲ್ಕನೇ ದಿನ ನಟಿಸಿದೆ. ಸೆಟ್ ಪಳಗಿತ್ತು, ಕೆಲಸಗಾರರಿಗೆ ಜಾಗ ಗೊತ್ತಾಗಿತ್ತು, ದುಡ್ಡಿನ ಚೀಲ ಹುಡುಗನ ಹತ್ತಿರ. ಐಸ್‌ನವನು ದುಡ್ಡು ಕೇಳಲು ಒಮ್ಮೆ ಬಂದ. ಹುಡುಗ ಅವನನ್ನು ಬಾಗಿಲಲ್ಲೇ ಹಿಡಿದ.

ಒಟ್ಟು ಲೆಕ್ಕ: ಡಿಸೈನ್ 1 ಲಕ್ಷ 75 ಸಾವಿರ, ಪ್ರೊಡಕ್ಷನ್ 1 ಲಕ್ಷ 20 ಸಾವಿರ, ನಟನೆ 40 ಸಾವಿರ. ತಯಾರಿಯೂ ಸೇರಿ ಸುಮಾರು 65 ದಿನದ ಕೆಲಸ. ದಿನಕ್ಕೆ 5 ಸಾವಿರದ ಆಸುಪಾಸು. ಬರೀ ಪ್ರೊಡಕ್ಷನ್ ಮಾಡುತ್ತಿದ್ದಾಗ ಎರಡೂವರೆ, ಮೂರು ದಾಟುತ್ತಿರಲಿಲ್ಲ. ಜೊತೆಗೆ ಸೆಟ್ಟಿನ ಸಾಮಾನಿನಲ್ಲಿ ನಾನು ಆರಿಸಿದ್ದು ನನ್ನ ಗೋಡೌನ್‌ಗೆ ಅನ್ನುವ ಒಂದು ಸಾಲು ಕರಾರಿನಲ್ಲಿ ಇತ್ತು. ಹಾಗೆ ಬಂದದ್ದು ಒಂದೂವರೆ ಲಕ್ಷದ ವಸ್ತುವಾದರೂ ಇರಬಹುದು. ಆ ಸಾಲನ್ನು ನಿರ್ಮಾಪಕರು ಓದಿದರೋ ಇಲ್ಲವೋ ನಾನು ಕೇಳಲಿಲ್ಲ.

ಐದನೇ ದಿನ ಧಣಿಗಳನ್ನು ಸೆಟ್ಟಿಗೆ ಕರೆದುಕೊಂಡು ಬಂದೆ. ಈಗ ಎಂಬತ್ತರ ಹತ್ತಿರ. ಮಗ ಕಾರಿನಲ್ಲಿ ತಂದು ಬಿಟ್ಟ. ಒಳಗೆ ಬಂದವರು ಮೊದಲು ಕೈ ತೊಳೆಯುವ ಕಡೆ ಹೋಗಿ ನಲ್ಲಿ ತಿರುಗಿಸಿದರು. ನೀರು ಬರಲಿಲ್ಲ. "ನಲ್ಲಿ ಸುಳ್ಳಾ?" ಅಂದರು. ಫೋಟೋಗಳಿಗೆ ಕೈ ಮುಗಿದರು. ಆಮೇಲೆ ಯಾರನ್ನೂ ಕೇಳದೆ ಗಲ್ಲಾ ಹಿಂದೆ ಹೋಗಿ ಕೂತರು. ಕೂತ ಕೂಡಲೇ ಅವರ ಎಡಗೈ ತಾನಾಗಿ ಚಿಲ್ಲರೆ ತಟ್ಟೆಗೆ ಹೋಯಿತು. ಅಲ್ಲಿ ಏನೂ ಇರಲಿಲ್ಲ. ನಾನು ತಟ್ಟೆಯನ್ನು ಬಲಗಡೆ ಇಟ್ಟಿದ್ದೆ.

"ಎಲ್ಲ ಸಮ ಮಾಡಿದ್ದೆ ಮಾಣಿ. ತಟ್ಟೆ ಮಾತ್ರ ಆಚೆ ಬದಿ ಆಯ್ತಲ್ಲ" ಅಂದರು. "ಬಲಗೈಯಲ್ಲಿ ನೋಟು ತೆಕಂಡ್ರೆ ಚಿಲ್ಲರೆ ಎಂತದ್ರಲ್ಲಿ ಕೊಡ್ತೆ?"

ಐದು ವರ್ಷ ಆ ಗಲ್ಲಾ ಎದುರಿಗೆ ನಿಂತಿದ್ದೆ. ಎದುರಿಗೆ ನಿಂತವನಿಗೆ ಎಡ ಬಲವಾಗಿ ಕಾಣುತ್ತದೆ. ನಟಿಸುವಾಗಲೂ ಕೈ ತಡವರಿಸಿತ್ತು, ಯಾಕೆ ಅಂತ ಹೊಳೆದಿರಲಿಲ್ಲ. ಆದರೆ ಆಗಲೇ ನನ್ನ ಎರಡು ದಿನ ಶೂಟ್ ಮುಗಿದಿತ್ತು. ಕಂಟಿನ್ಯುಯಿಟಿ: ಒಂದು ಶಾಟ್‌ನಲ್ಲಿ ಕಂಡದ್ದು ಮುಂದಿನದರಲ್ಲೂ ಹಾಗೇ ಇರಬೇಕು. ತಟ್ಟೆ ಬಲಗಡೆಯೇ ಉಳಿಯಿತು.

ಅದೇ ಗಲ್ಲಾ ಮುಂದಿನ ತಿಂಗಳು ಇನ್ನೊಂದು ಸೀರೀಸ್‌ಗೆ ಬಾಡಿಗೆಗೆ ಹೋಗುತ್ತಿದೆ, ದಿನಕ್ಕೆ 900 ರೂಪಾಯಿ. ತಟ್ಟೆಗೆ ಎಡಗಡೆ ಎರಡು ಮೊಳೆ ಹೊಡೆದು ಕೂರಿಸಿದ್ದೇನೆ.